ಹರಿಪುರದ ನೀರು, ಬೊಲಿವಿಯಾದ ಕುರ್ಚಿ

ಹಸಿ ಹಳದಿ, ಅಂದರೆ ಅರಿಸಿನ, ಕುದಿಯುವ ವಾಸನೆ ಎಲ್ಲರಿಗೂ ಹಿಡಿಸುವುದಿಲ್ಲ. ಮಣ್ಣು, ಹೊಗೆ, ಔಷಧಿ ಎಲ್ಲ ಸೇರಿದಂಥ ಗಾಢ ವಾಸನೆ ಅದು. ಸೀರೆಗೆ ಹತ್ತಿದರೆ ಒಂದೆರಡು ಒಗೆತಕ್ಕೆ ಹೋಗುವುದಿಲ್ಲ. ಕಳೆದ ವಾರ ಸಾಂಗಲಿಯಿಂದ ಹರಿಪುರಕ್ಕೆ ರಿಕ್ಷಾದಲ್ಲಿ ಹೋಗುವಾಗ ಅದು ಮೂಗಿಗೆ ಬಡಿಯಿತು. ಪಕ್ಕದಲ್ಲಿ ಕೂತಿದ್ದ ಹುಡುಗಿ ಓಢಣಿಯಿಂದ ಮುಖ ಮುಚ್ಚಿಕೊಂಡಳು. ನಾನು ಉದ್ದಕ್ಕೆ ಉಸಿರೆಳೆದುಕೊಂಡೆ. ಒಂದು ವರ್ಷ ನಮ್ಮೂರಿನಲ್ಲಿ ಈ ವಾಸನೆ ಏಳಲೇ ಇಲ್ಲ. ನದಿ ಉಕ್ಕಿ ಮಹಾಪೂರ ಬಂದ ವರ್ಷ ಅದು. ನಾನು ಹೊರಟಿದ್ದು ಕುಸುಮ ಮಾವಶಿಯ ಮನೆಗೆ, ಅವರಿಗೆ ಒಂದು ಮಾತು ಹೇಳಲು. ಆ ಮಾತು ಯಾಕೆ ಅಷ್ಟು ಕಷ್ಟದ್ದು ಎಂದು ತಿಳಿಯಬೇಕಾದರೆ ಆ ವರ್ಷದ ಕತೆಯನ್ನೇ ಹೇಳಬೇಕು.

ನಮ್ಮ ಹೊಲಗಳಿಗೆ ನೀರು ಕೃಷ್ಣೆಯಿಂದ. ನಮ್ಮ ಅಜ್ಜ ಮತ್ತು ಅವರ ಓರಗೆಯವರು ಸೇರಿ ದಂಡೆಯಲ್ಲಿ ಒಂದು ಪಂಪು ಕೂರಿಸಿ, ನಲವತ್ತು ಚಿಲ್ಲರೆ ಮನೆಗಳ ಒಂದು ನೀರಿನ ಮಂಡಳಿ ಕಟ್ಟಿದ್ದರು. ಸರಕಾರದ ಕಾಗದಪತ್ರ ಏನೂ ಇಲ್ಲ, ಬರೀ ಮಾತಿನ ಮೇಲೆ ನಿಂತ ಮಂಡಳಿ. ಪಂಪ್ ಮನೆಯ ಕೀಲಿ ಅಧ್ಯಕ್ಷನ ಹತ್ತಿರ. ಯಾರಿಗೆ ಎಷ್ಟು ಹೊತ್ತು ನೀರು ಎಂದು ಹೇಳುವವನೂ ಅವನೇ. ಬೇರೆ ಕಡೆ ಅಧಿಕಾರಕ್ಕೆ ಅರಮನೆ, ಸೈನ್ಯ ಎಲ್ಲ ಬೇಕಾಗಬಹುದು. ಹರಿಪುರದಲ್ಲಿ ಒಂದು ಕೀಲಿ ಸಾಕು. ಅಜ್ಜನಿಗೆ ಇದು ಚೆನ್ನಾಗಿ ಗೊತ್ತಿದ್ದಿರಬೇಕು. ಮೂರು ವರ್ಷಕ್ಕೊಮ್ಮೆ ಚುನಾವಣೆ, ಒಬ್ಬನೇ ಸತತವಾಗಿ ಎರಡು ಸರದಿಗಿಂತ ಹೆಚ್ಚು ಕೂರುವಂತಿಲ್ಲ ಎಂದು ಮೊದಲ ದಿನವೇ ಕಟ್ಟು ಹಾಕಿದ್ದರು.

ಇನ್ನೊಂದು ಪದ್ಧತಿಯೂ ಇತ್ತು, ಯಾರು ಮಾಡಿದ್ದೋ ಗೊತ್ತಿಲ್ಲ. ನೀರು ನದಿಯ ಹತ್ತಿರದ ಹೊಲದಿಂದ ಶುರುವಾಗಿ ಕಟ್ಟಕಡೆಯ ಹೊಲದವರೆಗೆ ಹೋಗುತ್ತದೆ. ಒಬ್ಬರು "ನಂದು ಆತು" ಎಂದು ಬಾಯಿಬಿಟ್ಟು ಹೇಳಿದ ಮೇಲೆಯೇ ಮುಂದಿನವರು ತಮ್ಮ ಹೊಲದ ಬಾಯಿ ತೆರೆಯಬೇಕು. ಕಡೆಯ ಹೊಲದವರು ಹೇಳಿದ ಮೇಲೆಯೇ ಮತ್ತೆ ಮೊದಲ ಹೊಲದಿಂದ ಹೊಸ ಸುತ್ತು.

ಮೊದಲ ಹೊಲ ನನ್ನ ತಂದೆಯ ತಮ್ಮ ಭೂಪಾಲ ಕಾಕಾನದು. ಕಡೆಯ ಹೊಲ ಕುಸುಮ ಮಾವಶಿಯದು. ಮಾವಶಿ ಎಂದರೆ ಚಿಕ್ಕಮ್ಮ, ಆದರೆ ನನಗೆ ರಕ್ತಸಂಬಂಧಿಯಲ್ಲ, ಇಡೀ ಓಣಿಗೇ ಮಾವಶಿ. ಅವರ ಗಂಡ ಲಾರಿ ಓಡಿಸುತ್ತ ತಿಂಗಳಿಗೊಮ್ಮೆ ಮನೆಗೆ ಬರುವವರು. ಹೊಲಮನೆ ಪೂರ್ತಿ ಮಾವಶಿಯದೇ.

ಪೂರದ ವರ್ಷ ಕಾಕಾ ಅಧ್ಯಕ್ಷರಾಗಿದ್ದರು, ಎರಡನೆಯ ಸರದಿ ಮುಗಿಯುತ್ತ ಬಂದಿತ್ತು. ಒಳ್ಳೆಯ ಅಧ್ಯಕ್ಷರು. ಇದನ್ನು ಮೊದಲೇ ಹೇಳಿಬಿಡುತ್ತೇನೆ, ಯಾಕೆಂದರೆ ಕುರ್ಚಿ ಬಿಡದವನು ಕೆಟ್ಟವನಾಗಿದ್ದರೆ ಕತೆ ಹೇಳುವವರಿಗೆ ಬಹಳ ಸುಲಭ. ಕಾಕಾ ಯಾರ ನೀರನ್ನೂ ಕದ್ದವರಲ್ಲ. ಶ್ರಾವಣದಲ್ಲಿ ಕೃಷ್ಣೆ, ವಾರಣೆ ಎರಡೂ ಒಟ್ಟಿಗೆ ಉಕ್ಕಿ ಊರೊಳಗೆ ಬಂದಾಗ ಎದೆಮಟ್ಟ ನೀರಿನಲ್ಲಿ ನಿಂತು ಪಂಪಿನ ಮೋಟಾರು ಬಿಚ್ಚಿಸಿ, ದೋಣಿಗೆ ಹೇರಿಸಿ, ಬಸದಿಯ ಮಾಳಿಗೆಯ ಮೇಲೆ ಇಡಿಸಿದರು. ತಮ್ಮ ಮನೆ ನೋಡಲು ಹೋದದ್ದು ಆಮೇಲೆ. ಅಷ್ಟರಲ್ಲಿ ಆ ಮನೆಯ ಒಂದು ಗೋಡೆ ಕುಸಿದಿತ್ತು.

ನೀರು ಇಳಿದಾಗ ಊರ ತುಂಬ ಕೆಸರು, ಹೊಲದ ತುಂಬ ಕೊಳೆತ ಹಳದಿ. ನಾನು ಆಗಲೂ ಈಗಲೂ ಮಿರಜಿನಲ್ಲಿ ಇರುವವಳು, ಸಾಂಗಲಿಯ ಒಂದು ಕಾಲೇಜಿನಲ್ಲಿ ರಾಜ್ಯಶಾಸ್ತ್ರ ಹೇಳುವವಳು. ಅಪ್ಪ ತೀರಿಕೊಂಡ ಮೇಲೆ ನಮ್ಮ ಪಾಲಿನ ಹೊಲ ನನ್ನ ಹೆಸರಿಗೆ ಬಂದಿದ್ದರಿಂದ ಮಂಡಳಿಯಲ್ಲಿ ನನ್ನದೂ ಒಂದು ಮತ. ಗಣಪತಿ ಹಬ್ಬ ಮುಗಿದ ಮೇಲೆ ಸಭೆ ಕರೆದರು. ಕಾಕಾನ ಗೆಳೆಯರು ಎದ್ದು, ಇಂಥ ಕಷ್ಟಕಾಲದಲ್ಲಿ ಅಧ್ಯಕ್ಷರನ್ನು ಬದಲಿಸುವುದು ಬೇಡ, ಎರಡು ಸರದಿಯ ಕಟ್ಟು ತೆಗೆದುಬಿಡೋಣ ಎಂದರು. ಕೈ ಎತ್ತಿಸಿದರು. ಬೇಡ ಎಂದವರೇ ಸ್ವಲ್ಪ ಹೆಚ್ಚಾದರು. ಅಲ್ಲಿಗೆ ಮುಗಿಯಿತು ಅಂದುಕೊಂಡೆ. ಎಲ್ಲಿ ಮುಗಿಯುತ್ತದೆ! ಹದಿನೈದು ದಿನದಲ್ಲಿ ಮಂಡಳಿಯ ಮೂವರು ಪಂಚರು ಕೂತು ಒಂದು ನಿರ್ಣಯ ಹೇಳಿದರು: ಪೂರದ ವರ್ಷ ವರ್ಷವೇ ಅಲ್ಲ, ಅದು ಲೆಕ್ಕಕ್ಕಿಲ್ಲ, ಆದ್ದರಿಂದ ಭೂಪಾಲ ಅಣ್ಣನ ಎರಡನೆಯ ಸರದಿ ಇನ್ನೂ ಮುಗಿದೇ ಇಲ್ಲ, ಅವರು ಚುನಾವಣೆಗೆ ನಿಲ್ಲಬಹುದು.

ನನಗೆ ನಗು ಬಂತು, ಸಿಟ್ಟೂ ಬಂತು. ಅದೇ ವಾರ ನಾನು ತರಗತಿಯಲ್ಲಿ ಬೊಲಿವಿಯಾ ಹೇಳುತ್ತಿದ್ದೆ. ದಕ್ಷಿಣ ಅಮೆರಿಕದ ಒಂದು ದೇಶದ ಸಂವಿಧಾನ ಓದಿಸಬೇಕಿತ್ತು, ನಾನು ಅದನ್ನು ಆರಿಸಿದ್ದೆ. ಸಮುದ್ರವಿಲ್ಲದ, ಬೆಟ್ಟದ ಮೇಲಿನ ದೇಶ. ಅಲ್ಲಿನ ಅಧ್ಯಕ್ಷರು ಮೂಲನಿವಾಸಿ ಸಮುದಾಯದಿಂದ ಬಂದವರು, ಬೆಳೆಗಾರರ ಸಂಘದಲ್ಲಿ ಬೆಳೆದವರು. ಬಡವರಿಗೆ ಮೊದಲ ಸಲ ಈ ಸರಕಾರ ನಮ್ಮದು ಅನ್ನಿಸುವಂತೆ ಮಾಡಿದವರು. ಅವರ ಕಾಲದಲ್ಲೇ ಬರೆದ ಸಂವಿಧಾನ ಸತತ ಎರಡು ಅವಧಿ ಸಾಕು ಎನ್ನುತ್ತಿತ್ತು. ಆ ಮಿತಿ ತೆಗೆಯಲೇ ಎಂದು ಜನರನ್ನು ಕೇಳಿದರು. ಜನ ಅಲ್ಪ ಅಂತರದಿಂದ ಬೇಡ ಎಂದರು. ಆಮೇಲೆ ನ್ಯಾಯಾಲಯ, ಚುನಾವಣೆಗೆ ನಿಲ್ಲುವುದು ಅವರ ಮಾನವ ಹಕ್ಕು, ನಿಲ್ಲಲಿ ಎಂದಿತು. ನಮ್ಮ ಪಂಚರು ಬೊಲಿವಿಯಾದ ಹೆಸರನ್ನೇ ಕೇಳಿದವರಲ್ಲ. ಕುರ್ಚಿಯ ಮೇಲಿನ ಪ್ರೀತಿಗೆ ಯಾರೂ ಪಾಠ ಹೇಳಿಕೊಡಬೇಕಾಗಿಲ್ಲ ಎಂದು ಆವತ್ತು ತಿಳಿಯಿತು.

ತರಗತಿಯಲ್ಲಿ ಕುಪವಾಡದ ಪ್ರಿಯಾಂಕಾ ಎಂಬ ವಿದ್ಯಾರ್ಥಿನಿ ಇದ್ದಳು. ಅವಳ ಅಪ್ಪ ಅಲ್ಲಿನ ಒಂದು ಸಣ್ಣ ಕಾರಖಾನೆಯಲ್ಲಿ ಕೆಲಸಗಾರ. ತರಗತಿಯಲ್ಲಿ ಮರಾಠಿ, ಹೊರಗೆ ಬಂದರೆ ನನ್ನ ಜೊತೆ ಮುರುಕು ಕನ್ನಡ. ನಾನು ಏನು ಹೇಳಿದರೂ ಒಪ್ಪದೆ ಇರುವುದು ಅವಳ ಪಾಲಿನ ಓದು.

"ಮ್ಯಾಡಮ್, ಚಲೋ ಮನಶ್ಯಾ ಇದ್ರ ಯಾಕ ತೆಗೀಬೇಕ್ರಿ?" ಎಂದಳು ಒಂದು ದಿನ. "ನಮ್ಮ ಪಪ್ಪಾನ ಕಾರಖಾನ್ಯಾಗ ಚಲೋ ಫೋರಮನ್ ಹೋಗಿ ಕೆಟ್ಟಾಂವ ಬಂದ. ಬದಲಿ ಆತು, ಚಲೋ ಆಗಲಿಲ್ಲ."

"ಆ ಕೆಟ್ಟಾಂವನ್ನ ತೆಗಿಯೂದು ಹೆಂಗ ಅಂತ ನಿಮ್ಮ ಪಪ್ಪಾಗ ಗೊತ್ತೈತೇನ?"

"ಇಲ್ರಿ. ಅಂವ ಹೋಗೂದೇ ಇಲ್ಲ."

"ಅದಕ್ಕ ನಿಯಮ ಬೇಕಾಗೂದು. ಚಲೋದವ್ರು ಇದ್ದಾಗ ಮುರದ್ರ ಕೆಟ್ಟಾವ್ರು ಬಂದಾಗ ಎಲ್ಲಿಂದ ತರತಿ?"

ಅವಳು ಒಪ್ಪಲಿಲ್ಲ. ಆದರೆ ಮರುದಿನದಿಂದ ಹರಿಪುರದ ಸುದ್ದಿಯನ್ನೂ ಬೊಲಿವಿಯಾದ ಸುದ್ದಿಯನ್ನೂ ಒಟ್ಟಿಗೇ ಕೇಳತೊಡಗಿದಳು.

ದೀಪಾವಳಿಗೆ ಮೊದಲೇ ಬೊಲಿವಿಯಾದಲ್ಲಿ ಮತದಾನವಾಯಿತು. ಆ ಸಂಜೆ ಫಲಿತಾಂಶ ಹೊರಬರುತ್ತಿದ್ದಂತೆ ಬೇಗ ಬೇಗ ಹೇಳುತ್ತಿದ್ದ ಲೆಕ್ಕ ಏಕಾಏಕಿ ನಿಂತಿತು. ಮರುದಿನ ಮತ್ತೆ ಶುರುವಾದಾಗ ಅಧ್ಯಕ್ಷರ ಮುನ್ನಡೆ ಹೆಚ್ಚಾಗಿತ್ತು. ದೂರದ ಊರುಗಳ ಮತ ತಡವಾಗಿ ಬಂದವು, ಅವು ಅವರವೇ ಎಂದು ಒಂದು ಕಡೆಯವರು. ಮೋಸ ಎಂದು ಇನ್ನೊಂದು ಕಡೆಯವರು. ಜನ ಬೀದಿಗೆ ಬಂದರು.

ನಮ್ಮ ಚುನಾವಣೆ ದೀಪಾವಳಿ ಮುಗಿದ ಮೇಲೆ ಬಂತು. ಕಾಕಾನ ಎದುರು ಕುಸುಮ ಮಾವಶಿ ನಿಂತರು. ಕಡೆಯ ಹೊಲಕ್ಕೆ ನೀರು ಹೇಗೆ ಬರುತ್ತದೆ ಎಂದು ಗೊತ್ತಿದ್ದವರು ಒಮ್ಮೆಯಾದರೂ ಕೀಲಿ ಹಿಡಿಯಬೇಕು ಎಂಬುದು ಅವರ ಮಾತು. ನಾನು ಅವರ ಪರ ಓಣಿಯ ಮನೆಮನೆಗೂ ಹೋಗಿ, ಬೊಲಿವಿಯಾದ ಕತೆಯನ್ನೂ ಸೇರಿಸಿ ಹೇಳಿದೆ. ಕಾಕಾ ನನ್ನನ್ನು ಬೈಯಲಿಲ್ಲ, ಮಾತು ಮಾತ್ರ ಬಿಟ್ಟರು.

ನಮ್ಮಲ್ಲಿ ಮತ ಹಾಕುವ ರೀತಿ ಬೇರೆ. ಹಿಂದೆ ಸಾಂಗಲಿಯ ಹಳದಿ ಪೇಟೆಯಲ್ಲಿ ದರವನ್ನು ಬಾಯಲ್ಲಿ ಹೇಳುತ್ತಿರಲಿಲ್ಲ. ರುಮಾಲಿನ ಕೆಳಗೆ ಒಬ್ಬರ ಕೈಯನ್ನು ಇನ್ನೊಬ್ಬರು ಹಿಡಿದು ಬೆರಳು ಒತ್ತಿ ತಿಳಿಸುತ್ತಿದ್ದರು. ಅದನ್ನೇ ನಮ್ಮ ಹಿರಿಯರು ಗುಪ್ತ ಮತದಾನಕ್ಕೆ ತಂದಿದ್ದರು. ಮಂಡಳಿಯಲ್ಲಿ ಹೊಲವಿಲ್ಲದ ಒಬ್ಬ ಹಿರಿಯರು ರುಮಾಲಿನ ಕೆಳಗೆ ಕೈ ಚಾಚಿ ಕೂರುತ್ತಾರೆ. ಒಬ್ಬೊಬ್ಬರಾಗಿ ಹೋಗಿ, ಒಬ್ಬ ಅಭ್ಯರ್ಥಿಗಾದರೆ ಒಂದೇ ಬೆರಳು, ಇನ್ನೊಬ್ಬರಿಗಾದರೆ ಇಡೀ ಕೈ ಹಿಡಿಯಬೇಕು. ಹೆಂಗಸರು ಕೈಗೆ ಸೆರಗು ಸುತ್ತಿಕೊಂಡು ಹಿಡಿಯುತ್ತಾರೆ. ಆ ಹಿರಿಯರು ಎಲ್ಲವನ್ನೂ ನೆನಪಿನಲ್ಲೇ ಇಟ್ಟುಕೊಂಡು ಕೊನೆಗೆ ಲೆಕ್ಕ ಹೇಳುತ್ತಾರೆ. ಹತ್ತಾರು ವರ್ಷಗಳಿಂದ ಆ ಕೆಲಸ ಹಳದಿ ಪೇಟೆಯ ಹಳೆಯ ದಲಾಲರಾದ ಆದಪ್ಪ ತಾತ್ಯಾನದು.

ಸಭೆ ಸೇರಿದ್ದು ಮಧ್ಯಾಹ್ನ. ಪಂಚರ ನಿರ್ಣಯ ಸರಿಯೋ ತಪ್ಪೋ ಎಂದು ಜಗಳವಾಡುವುದರಲ್ಲೇ ಹೊತ್ತು ಇಳಿಯಿತು. ಮತ ಶುರುವಾಗಿ ಅರ್ಧದಷ್ಟು ಜನ ಕೈ ಹಿಡಿದು ಬಂದಿದ್ದರು, ಆಗ ಕಾಕಾ ಬಿಸಿಲಿನ ಕಡೆ ನೋಡಿದರು. ನಮ್ಮ ಜೈನರ ಮನೆಗಳಲ್ಲಿ ಹೊತ್ತು ಮುಳುಗುವ ಮೊದಲೇ ಊಟ. ತಾತ್ಯಾ ಅಂತೂ ಆಮೇಲೆ ನೀರನ್ನೂ ಮುಟ್ಟುವವರಲ್ಲ.

"ತಾತ್ಯಾಂದು ಊಟ ಆಗಲಿ. ಮುದುಕ ಜೀವ, ಉಪಾಸ ಕೆಡವೂದು ಬ್ಯಾಡ. ಉಂಡು ಬಂದು ಮುಂದ ಚಾಲೂ ಮಾಡೋಣು" ಎಂದು ಕಾಕಾ ಅವರ ಕೈ ಹಿಡಿದು ಎಬ್ಬಿಸಿ ತಮ್ಮ ಮನೆಗೆ ಕರೆದುಕೊಂಡು ಹೋದರು.

ಯಾರೂ ಬೇಡ ಎನ್ನಲಿಲ್ಲ. ಮಾವಶಿಯೂ ಎನ್ನಲಿಲ್ಲ. ಹಸಿದ ಹಿರಿಯರನ್ನು ತಡೆಯುವುದು ನಮ್ಮ ಯಾರ ಬಾಯಲ್ಲೂ ಬರುವ ಮಾತಲ್ಲ. ಅಷ್ಟೇ ಅಲ್ಲ, ಚುನಾವಣೆಗೆ ಚುನಾವಣೆಯೇ ಎದ್ದು ಊಟಕ್ಕೆ ಹೋಯಿತು. ನಾನು ಮಾವಶಿಯ ಮನೆಯಲ್ಲಿ ರೊಟ್ಟಿ, ಝುಣಕಾ ತಿಂದು ಮೊಸರು ಕೂಡ ಕೇಳಿ ಹಾಕಿಸಿಕೊಂಡೆ. ಬಸದಿಯ ಅಂಗಳದಲ್ಲಿ ಬಲ್ಬು ಹತ್ತಿಸಿ ಮತ್ತೆ ಕೂತೆವು. ಉಳಿದವರು ಮತ ಕೊಟ್ಟರು. ತಾತ್ಯಾ ಕಣ್ಣು ಮುಚ್ಚಿ ಸ್ವಲ್ಪ ಹೊತ್ತು ಕೂತು, ಭೂಪಾಲನಿಗೆ ಎರಡು ಮತ ಹೆಚ್ಚು ಎಂದರು.

ಮರುದಿನ ಪ್ರಿಯಾಂಕಾ ಎಲ್ಲವನ್ನೂ ಕೇಳಿಸಿಕೊಂಡು ಒಂದೇ ಪ್ರಶ್ನೆ ಕೇಳಿದಳು. "ಊಟಕ್ಕ ಹ್ವಾದಾಗ ತಾತ್ಯಾನ ಜೋಡಿ ಯಾರ ಇದ್ರು?"

ಕಾಕಾನ ಮನೆಯವರಷ್ಟೇ ಎಂದೆ. ಅವತ್ತೇ ಸಂಜೆ ಹರಿಪುರಕ್ಕೆ ಹೋದೆ. ಮಾವಶಿ ಅಂಗಳದಲ್ಲಿ, ಹಳದಿ ಕೊಳೆತ ಹೊಲಕ್ಕೆ ಬಿತ್ತಿ ಉಳಿದ ಗೋಧಿಯ ಬೀಜ ಹಸನು ಮಾಡುತ್ತಿದ್ದರು.

"ಸೋತದ್ದಕ್ಕ ನಾ ಅಳಂಗಿಲ್ಲ ಸುಜಾ" ಎಂದರು ತಲೆ ಎತ್ತದೆ. "ಸೋತೇನೋ ಇಲ್ಲೋ, ಅದs ಗೊತ್ತಾಗವಲ್ದು. ಅದಕ್ಕ ನಿದ್ದಿ ಬರವಲ್ದು."

ಇಬ್ಬರೂ ತಾತ್ಯಾನ ಹತ್ತಿರ ಹೋದೆವು. ಅವರಿಗೆ ಬಹಳ ನೋವಾಯಿತು. ಜನ್ಮದಲ್ಲಿ ಒಂದು ವ್ಯಾಪಾರದ ಬೆರಳು ಮರೆತವನಲ್ಲ ನಾನು, ಭೂಪಾಲ ಊಟದಲ್ಲಿ ತುಪ್ಪ ಬಡಿಸಿದನೇ ಹೊರತು ಮತದ ಮಾತೇ ಆಡಲಿಲ್ಲ ಎಂದರು. ನಾನು ನಂಬಿದೆ. ಆದರೂ ಎಪ್ಪತ್ತು ಕಳೆದ ವಯಸ್ಸು, ಪೂರದಲ್ಲಿ ಹಿಡಿದ ಜ್ವರ ಇನ್ನೂ ಪೂರ್ತಿ ಬಿಟ್ಟಿರಲಿಲ್ಲ. ನಡುವೆ ಒಂದು ಊಟ, ಅದೂ ನಮ್ಮ ಕಣ್ಣಿಗೆ ಬೀಳದಂತೆ ಗೋಡೆಯ ಆಚೆ. ನಿಜ ಏನೆಂಬುದು ಇವತ್ತಿಗೂ ನನಗೆ ತಿಳಿಯದು.

ಕಾಕಾನ ಮನೆಗೆ ನಾನೊಬ್ಬಳೇ ಹೋದೆ. ಕುಸಿದ ಗೋಡೆಗೆ ಹೊಸ ಇಟ್ಟಿಗೆ ಏರುತ್ತಿದ್ದವು.

"ಹಸದ ಮುದುಕಗ ಉಣ್ಣಾಕ ಹಾಕಿದ್ದು ಕಳವು ಆತೇನ?" ಮಾತು ಬಿಟ್ಟಿದ್ದ ಕಾಕಾ ಕೇಳಿದರು. "ನಿಮ್ಮ ಬುಕ್ಕಿನಾಗಿನ ದೇಶದ ಅಧ್ಯಕ್ಷ ಪೂರದ ನೀರಾಗ ನಿಂತು ಮೋಟಾರ ಬಿಚ್ಚಿದ್ನೇನ?"

"ನೀವು ಕಳವು ಮಾಡೀರಿ ಅಂತ ನಾ ಅನ್ನಂಗಿಲ್ಲ ಕಾಕಾ. ನಾಳೆ ಯಾರರ ಅಂದ್ರ, ಇಲ್ಲ ಅಂತ ತೋರಸಾಕ ನಿಮ್ಮ ಹತ್ರ ಏನೂ ಇಲ್ಲ. ಮತ್ತೊಮ್ಮೆ ಮತ ಹಾಕಸ್ರಿ. ಗೆದ್ರ ಮೊದಲ ಹಾರ ನಾನs ಹಾಕತೇನಿ."

"ನಿಮ್ಮಪ್ಪ ಇದ್ದಿದ್ರ ಹಿಂಗ ನನ್ನ ಮುಂದ ನಿಂದರತಿದ್ದಿಲ್ಲ ನೀ."

ಆ ಮಾತು ನಾಟಿತು. ಬಸ್ಸಿನಲ್ಲಿ ಮಿರಜಿನವರೆಗೂ ಅತ್ತೆ. ಆದರೆ ಹೇಳಿದ್ದರಲ್ಲಿ ಒಂದಕ್ಷರ ವಾಪಸು ತೆಗೆದುಕೊಳ್ಳುವ ಮನಸ್ಸಾಗಲಿಲ್ಲ. ಅಪ್ಪ ಇದ್ದಿದ್ದರೆ ನನಗಿಂತ ಮೊದಲೇ ಹೇಳುತ್ತಿದ್ದರು.

ಎರಡು ದಿನದ ಮೇಲೆ ಕಾಕಾನ ಕಡೆಯವರು ಮಾವಶಿಯ ಮನೆಗೆ ಬಂದು, ಉಪಾಧ್ಯಕ್ಷೆ ಮಾಡುತ್ತೇವೆ, ಇನ್ನು ಮುಂದೆ ನಿಮ್ಮ ಹೊಲಕ್ಕೇ ಮೊದಲು ನೀರು ಎಂದರು. ಮಾವಶಿ ಅವರಿಗೆ ಚಹಾ ಕೊಟ್ಟು ಕಳಿಸಿದರು, ಒಪ್ಪಲಿಲ್ಲ. ಆಮೇಲೆ ಅವರು ಮಾಡಿದ್ದು ಇಷ್ಟೇ. ಆ ಸುತ್ತಿನ ನೀರು ಎಲ್ಲ ಹೊಲ ದಾಟಿ ಕಡೆಗೆ ಅವರ ಹೊಲಕ್ಕೆ ಬಂದಾಗ ಅವರು ಹೊಲದ ಬಾಯಿ ತೆರೆಯಲೂ ಇಲ್ಲ, "ನಂದು ಆತು" ಎನ್ನಲೂ ಇಲ್ಲ.

ಮಂಡಳಿಯ ನೀರು ನಿಂತಿತು. ಅವರು ಹೇಳದೆ ಮೊದಲ ಹೊಲಕ್ಕೆ ಹೊಸ ಸುತ್ತು ಶುರುವಾಗುವಂತಿಲ್ಲ, ಆ ಮೊದಲ ಹೊಲ ಕಾಕಾನದು. ಒಂದು ವಾರ ಹೋಯಿತು, ಇನ್ನೊಂದು ವಾರ ಹೋಯಿತು. ಮಾವಶಿಯ ಗೋಧಿಯೇ ಎಲ್ಲರಿಗಿಂತ ಮೊದಲು ಹಳದಿ ಬಣ್ಣಕ್ಕೆ ತಿರುಗಿತು. ಜನ ಬಂದು ಬೈದರು, ಕೈ ಮುಗಿದರು. ಲಾರಿಯಿಂದ ಫೋನು ಮಾಡಿ ಗಂಡನೂ ಕೂಗಾಡಿದರು. ಮಾವಶಿಯದು ಒಂದೇ ಉತ್ತರ: "ಹಗಲೊತ್ತಿನ್ಯಾಗ, ಎಲ್ಲಾರ ಕಣ್ಣ ಮುಂದ ಮತ ಆಗಲಿ. ಆಮ್ಯಾಲ ಹೇಳತೇನಿ." ನಾನು ರಜೆ ಹಾಕಿ ಹೋಗಿ ಅವರ ಜೊತೆ ಹೊಲದ ಬದುವಿನ ಮೇಲೆ ಕೂತೆ. ಇಬ್ಬರೂ ಬಾಡುತ್ತಿದ್ದ ಪೈರು ನೋಡುತ್ತ ಕೂತಿದ್ದೆವು.

ಕಾಕಾನ ಹತ್ತಿರ ಕೀಲಿ ಇತ್ತು. ಪಂಪು ಚಾಲೂ ಮಾಡಿ ತಮ್ಮ ಹೊಲಕ್ಕೆ ನೀರು ಬಿಟ್ಟುಕೊಂಡಿದ್ದರೆ ತಡೆಯುವವರು ಯಾರೂ ಇರಲಿಲ್ಲ. ಅವರು ಬಿಟ್ಟುಕೊಳ್ಳಲಿಲ್ಲ. ಅಜ್ಜ ಹಾಕಿದ ಕಟ್ಟನ್ನು ಪಂಚರ ಕೈಯಲ್ಲಿ ಬಗ್ಗಿಸಿದ ಅದೇ ಮನುಷ್ಯನಿಗೆ, ಕಡೆಯ ಹೊಲದವರು ಹೇಳದೆ ನೀರು ಮುಟ್ಟಬಾರದು ಎಂಬುದನ್ನು ಮುರಿಯಲು ಕೈ ಬರಲಿಲ್ಲ. ಅದನ್ನು ನೆನೆದರೆ ಕಾಕಾನ ಮೇಲೆ ನನಗೆ ಇವತ್ತಿಗೂ ಪ್ರೀತಿ ಉಕ್ಕುತ್ತದೆ.

ಅದೇ ದಿನಗಳಲ್ಲಿ ಬೊಲಿವಿಯಾದ ಅಧ್ಯಕ್ಷರು, ಸೇನೆಯ ಮುಖ್ಯಸ್ಥರೂ ಇಳಿಯಿರಿ ಎಂದ ಮೇಲೆ, ರಾಜೀನಾಮೆ ಕೊಟ್ಟು ವಿಮಾನ ಹತ್ತಿ ದೇಶ ಬಿಟ್ಟರು. ಜನ ಗೆದ್ದರು ಎಂದು ಕೆಲವರು, ಇದು ಬಲವಂತದ ಅಧಿಕಾರ ಕಬಳಿಕೆ ಎಂದು ಕೆಲವರು. ತರಗತಿಯೂ ಎರಡು ಭಾಗವಾಯಿತು. ಪ್ರಿಯಾಂಕಾ ಗಲಾಟೆಯ ನಡುವೆ ನನ್ನ ಹತ್ತಿರ ಬಂದು ಮೆಲ್ಲಗೆ ಕೇಳಿದಳು, "ಅವ್ರು ವಿಮಾನ ಹತ್ತಿ ಹ್ವಾದ್ರು ಮ್ಯಾಡಮ್. ನಿಮ್ಮ ಕಾಕಾ ಎಲ್ಲಿ ಹೋಗತಾರ?"

ಕಾಕಾ ಎಲ್ಲಿಗೂ ಹೋಗಲಿಲ್ಲ. ಒಂದು ಮುಂಜಾನೆ ತಾವೇ ಮನೆಮನೆಗೆ ಹೋಗಿ ಸಭೆಗೆ ಬರ್ರಿ ಎಂದು ಹೇಳಿ ಬಂದರು. ಬಿಸಿಲು ನೆತ್ತಿಗೆ ಬರುವ ಮೊದಲೇ ಮತ ಮುಗಿಯಿತು. ಈ ಸಲ ರುಮಾಲಿಲ್ಲ. ಪರದೆಯ ಹಿಂದೆ ಎರಡು ಕೊಡ, ಎಲ್ಲರ ಕೈಯಲ್ಲಿ ಒಂದೊಂದು ಹಳದಿ ಕೊಂಬು. ಎಲ್ಲರೆದುರು ಚಾಪೆಯ ಮೇಲೆ ಸುರಿದು ಎಣಿಸಿದರು. ಎಣಿಸುವ ಅಗತ್ಯವೇ ಇರಲಿಲ್ಲ, ಮಾವಶಿಯ ರಾಶಿ ನೋಡಿದರೇ ಗೊತ್ತಾಗುತ್ತಿತ್ತು. ಕಾಕಾ ಎದ್ದು ಬಂದು ಕೀಲಿಯನ್ನು ಅವರ ಕೈಯಲ್ಲಿಟ್ಟು ಕೇಳಿದರು, "ಈಗರ ಹೇಳವಾ, ನಿಂದು ಆತೇನ?"

"ಒಂದೀಟ ತಡೀರಿ ಅಣ್ಣಾ" ಎಂದರು ಮಾವಶಿ. ಮೊದಲು ತಮ್ಮ ಗೋಧಿಗೆ ನೀರು ಹಾಯಿಸಿದರು. ಸಂಜೆ ಕಾಕಾನ ಬಾಗಿಲಿಗೆ ಹೋಗಿ "ನಂದು ಆತು" ಎಂದು ಹೇಳಿ ಬಂದರು.

ಆಮೇಲೆ ಆರು ವರ್ಷ, ಎರಡು ಸರದಿ, ಕೀಲಿ ಮಾವಶಿಯ ಸೊಂಟದಲ್ಲಿತ್ತು. ಕಡೆಯ ಹೊಲಗಳಿಗೆ ಹೊಸ ಪೈಪು ಬಂತು. ಮುಂದಿನ ಪೂರದಲ್ಲಿ ಅವರೇ ನಿಂತು ಮೋಟಾರು ಸಾಗಿಸಿದರು. ಬೊಲಿವಿಯಾದಲ್ಲಿ ಒಂದು ವರ್ಷದ ಮೇಲೆ ಮತ್ತೆ ಚುನಾವಣೆಯಾಗಿ ಅದೇ ಪಕ್ಷ ಬೇರೆ ಅಭ್ಯರ್ಥಿಯನ್ನಿಟ್ಟು ಗೆದ್ದಿತು. ನಾನು ಅದನ್ನು ಹೇಳಿದಾಗ ಕಾಕಾ ನಕ್ಕರು. ಆ ಹೊತ್ತಿಗೆ ನನ್ನ ಜೊತೆ ಮಾತು ಶುರುವಾಗಿತ್ತು.

ಈಗ ಬರುವ ರವಿವಾರ ಚುನಾವಣೆ. ಎರಡು ಸರದಿಯ ಕಟ್ಟು ತೆಗೆಯೋಣ, ಮಾವಶಿಯೇ ಇರಲಿ ಎಂದು ಊರವರು ಹೇಳುತ್ತಿದ್ದಾರೆ, ಅವರ ಎದುರು ನಿಲ್ಲಲು ಯಾರೂ ಇಲ್ಲ ಎಂದು ಸುದ್ದಿ ಬಂದಿತ್ತು. ಮಾವಶಿಯೇ ಬೇಡ ಎನ್ನಬಹುದು ಎಂಬ ಆಸೆ ಇತ್ತು, ಎನ್ನದಿದ್ದರೆ ನಾನೇ ಹೇಳಬೇಕು ಎಂದುಕೊಂಡು ಕಳೆದ ವಾರ ಹೋದೆ. ಹಿತ್ತಲಲ್ಲಿ ಕೊಪ್ಪರಿಗೆ ಕುದಿಯುತ್ತಿತ್ತು. ಅವರು ಸೌದೆ ನೂಕುತ್ತ, ನನ್ನ ಕಡೆ ನೋಡದೆ ಹೇಳಿದರು, "ಮಂದಿ ಬಿಡವಲ್ರು ಸುಜಾ. ನಾ ಬಿಟ್ರ ಪೈಪಿನ ಕೆಲಸ ಯಾರ ನೋಡ್ಬೇಕು?"

"ಮಂದಿ ಕಾಕಾಗೂ ಬಿಡಲಿಲ್ಲ ಮಾವಶಿ."

"ನಾನೂ ಅವ್ರೂ ಒಂದs ಏನ?"

"ಅಲ್ರಿ. ನೀವು ನನಗ ಅವ್ರಗಿಂತ ಹೆಚ್ಚ. ಆದ್ರೂ ಬ್ಯಾಡ್ರಿ. ಯಾರೂ ನಿಂದರದಿದ್ರ ನಾನs ನಿಂದರತೇನಿ."

ಅವರು ಸೌದೆ ಕೆಳಗಿಟ್ಟು ನನ್ನನ್ನು ನೋಡಿದರು. ಆ ನೋಟ ತಡೆದುಕೊಳ್ಳುವುದು ಕಷ್ಟವಾಯಿತು. ಬದುವಿನ ಮೇಲೆ ಜೊತೆಗೆ ಕೂತವಳು ಎದುರು ನಿಲ್ಲುತ್ತೇನೆ ಎನ್ನುವುದನ್ನು ಅವರಿಗೆ ನಂಬಲಾಗಲಿಲ್ಲ. "ನಿಂದರು ಹಂಗಾರ" ಎಂದು ಒಳಗೆ ಹೋದರು. ಆ ಮನೆಯಿಂದ ಚಹಾ ಕುಡಿಯದೆ ಹೊರಬಂದದ್ದು ಅದೇ ಮೊದಲು.

ಕಾಕಾ ತಮ್ಮ ಜಗಲಿಯ ಮೇಲೆ ಕೂತಿದ್ದರು. ಈಗ ಕೋಲು ಹಿಡಿದೇ ಏಳಬೇಕು. ನಡೆದದ್ದನ್ನು ಹೇಳಿದೆ. ನಗುತ್ತಾರೆ ಅಂದುಕೊಂಡಿದ್ದೆ, ನಗಲಿಲ್ಲ.

"ಮಿರಜಿಂದ ಬಂದು ಮೋಟಾರ ಚಾಲೂ ಮಾಡತೀಯೇನ?"

"ಮಾಡತೇನ್ರಿ. ಈ ವರ್ಷ ರಿಟಾಯರ್ ಆಗತೇನಿ, ಇಲ್ಲೇ ಬಂದು ಇರತೇನಿ."

"ಗೆಲ್ಲಂಗಿಲ್ಲ ನೀ."

"ಗೊತ್ತೈತ್ರಿ."

"ನನ್ನ ಮತ ನಿನಗ" ಎಂದರು. ಮತ್ತೆ ಹೇಳಿದರು, "ಒಂದ ವ್ಯಾಳೆ ಗೆದ್ದಿ ಅಂತ ತಿಳಿ. ಆರ ವರ್ಷದ ಮ್ಯಾಲ ನಿನಗ 'ಸಾಕು, ಏಳು' ಅನ್ನಾವ್ರು ಯಾರ?"

"ನೀವs ಹೇಳ್ರಿ ಕಾಕಾ."

"ನಾ ಎಲ್ಲಿರತೇನಿ ಅವತ್ತ?"

ರಾತ್ರಿ ಮಿರಜಿಗೆ ಬಂದವಳು ಪ್ರಿಯಾಂಕಾಳಿಗೆ ಫೋನು ಮಾಡಿದೆ. ಅವಳು ಈಗ ಕುಪವಾಡದ ಒಂದು ಶಾಲೆಯಲ್ಲಿ ಮಾಸ್ತರಿಣಿ. ರವಿವಾರ ಹರಿಪುರಕ್ಕೆ ಬಂದು ಮತ ಎಣಿಸುವುದನ್ನು ನೋಡು, ನಾನು ಗೆದ್ದರೆ ಆರು ವರ್ಷ ನನ್ನ ಮೇಲೆ ಕಣ್ಣಿಟ್ಟು, ಆಮೇಲೆ ಸಾಕು ಏಳಿ ಎನ್ನು ಎಂದೆ. ಅವಳು ನಕ್ಕು, ನಾನು ನಿಮ್ಮನ್ನು ಯಾವತ್ತು ಒಪ್ಪಿದ್ದೆ ಮ್ಯಾಡಮ್ ಎಂದಳು.